ಮೂವತ್ತು ಜೀವದ ದಿನಗಳು

ತೊಂಬತ್ತರ ದಶಕದ ಕೊನೆಗೆ ನಮ್ಮ ನಿಂಬರ್ಗಾದಲ್ಲಿ ವಿಡಿಯೋ ಗೇಮ್ ಅಂದರೆ ಬೂದು ಬಣ್ಣದ ಒಂದು ಪ್ಲಾಸ್ಟಿಕ್ ಡಬ್ಬಿ, ಎರಡು ರಿಮೋಟು, ಮುಟ್ಟಿದರೆ ಕೈ ಚುರುಕ್ಕೆನ್ನುವ ಒಂದು ಅಡಾಪ್ಟರು, ಮತ್ತೆ ಹಳದಿ ಬಣ್ಣದ ಕ್ಯಾಸೆಟ್ಟು. ತೊಗರಿಗೆ ಒಳ್ಳೆ ರೇಟು ಸಿಕ್ಕ ಒಂದು ವರ್ಷ ಕಾಕಾ ಗುಲ್ಬರ್ಗಾದ ಸೂಪರ್ ಮಾರ್ಕೆಟ್ಟಿನಿಂದ ಅದನ್ನು ತಂದಿದ್ದ. ಅಡತಿ ಅಂಗಡಿಯಲ್ಲಿ ಲೆಕ್ಕ ಮುಗಿಸಿ ಆಯಿಗೆ ಇಳಕಲ್ ಸೀರೆ, ಮುತ್ಯಾನಿಗೆ ಧೋತರ, ಹುಡುಗರಿಗೆಲ್ಲ ಸೇರಿ ಇದೊಂದು. ಬಸ್ಸಿನಿಂದ ಇಳಿದವನ ಕೈಯಲ್ಲಿದ್ದ ಪೆಟ್ಟಿಗೆಯನ್ನು ನೋಡಿ ಓಣಿಯ ಹುಡುಗರು ನಮಗಿಂತ ಮೊದಲೇ ನಮ್ಮ ಪಡಸಾಲೆಗೆ ಬಂದು ಕೂತಿದ್ದರು.

ಜಪಾನಿನ ನಿಂಟೆಂಡೊ ಕಂಪನಿ 1983ರ ಜುಲೈನಲ್ಲಿ ಫ್ಯಾಮಿಕಾಮ್ ಎಂಬ ಯಂತ್ರವನ್ನು ಮಾರಾಟಕ್ಕೆ ಬಿಟ್ಟಿತ್ತು. ನಮ್ಮ ಮನೆಗೆ ಬಂದದ್ದು ಅದರ ನಕಲು. ಅಸಲಿ ಯಂತ್ರವನ್ನು ನಮ್ಮ ಕಡೆಯ ಅಂಗಡಿಗಳಲ್ಲಿ ನಾವು ಕಣ್ಣಿಂದ ನೋಡಿದವರೇ ಅಲ್ಲ. ಅದೆಲ್ಲ ತಿಳಿದದ್ದು ಎಷ್ಟೋ ವರ್ಷಗಳ ಮೇಲೆ. ಆಗ ನಮಗೆ ಬೇಕಾಗಿದ್ದದ್ದು ಮೂರೇ: ಮನೆಯಲ್ಲಿ ಕರೆಂಟು ಇರಬೇಕು, ಟಿವಿಯಲ್ಲಿ ಆಯಿಯ ಧಾರಾವಾಹಿ ಮುಗಿದಿರಬೇಕು, ಕ್ಯಾಸೆಟ್ಟು ಒಂದೇ ಸಲಕ್ಕೆ ಹಿಡಿಯಬೇಕು. ಹಿಡಿಯದಿದ್ದರೆ ತೆಗೆದು, ಅದರ ಬಾಯಿಗೆ ಉಫ್ ಎಂದು ಊದಿ, ಮತ್ತೆ ಒತ್ತುವುದು. ಊದುವ ಅಧಿಕಾರ ದೊಡ್ಡಪ್ಪನ ಮಗ ಅಣ್ಣನೊಬ್ಬನಿಗೇ ಇತ್ತು. ನಮ್ಮ ನಿಜವಾದ ಆಟ ಶುರುವಾದದ್ದೂ ಅವನಿಂದಲೇ.

ಕ್ಯಾಸೆಟ್ಟಿನ ಮೇಲೆ 9999999 ಇನ್ 1 ಎಂದು ಅಚ್ಚಾಗಿತ್ತು. ಹಾಕಿದ ಕೂಡಲೇ ಟಿವಿಯ ಮೇಲೆ ಒಂದು ಪಟ್ಟಿ ಬರುತ್ತಿತ್ತು, ಕೆಳಗೆ ಸರಿಸಿದಷ್ಟೂ ಮುಗಿಯದ ಪಟ್ಟಿ. ನಿಜವಾಗಿ ಒಳಗಿದ್ದದ್ದು ಬೆರಳೆಣಿಕೆಯ ಆಟಗಳು: ಮಾರಿಯೋ, ಕಾಂಟ್ರಾ, ಟ್ಯಾಂಕು, ಬಾತುಕೋಳಿ ಹೊಡೆಯುವುದು, ಇನ್ನು ಕೆಲವು. ಅವೇ ಮತ್ತೆ ಮತ್ತೆ ಬೇರೆ ನಂಬರಿನಲ್ಲಿ, ಬೇರೆ ಹೆಸರಿನಲ್ಲಿ ಬರುತ್ತಿದ್ದವು. ಮೋಸ ಎಂದು ಓಣಿಯವರೆಲ್ಲ ಬೈದರೂ ಅಣ್ಣ ಬೈಯಲಿಲ್ಲ. ಒಂದೊಂದೇ ನಂಬರನ್ನು ಒತ್ತಿ ನೋಡುತ್ತಾ ಹೋದ. ಹೆಸರು ಬೇರೆ ಇದ್ದ ಕಡೆಯಲ್ಲೆಲ್ಲ ಆಟ ಶುರುವಾಗುವ ಜಾಗವೂ ಬೇರೆ ಇರುತ್ತಿತ್ತು. ಒಂದು ನಂಬರಿನಲ್ಲಿ ಮಾರಿಯೋ ನೇರವಾಗಿ ಕತ್ತಲ ಲೋಕದಲ್ಲಿ ಕಣ್ಣು ಬಿಡುತ್ತಿದ್ದ. ಇನ್ನೊಂದರಲ್ಲಿ ಕಾಂಟ್ರಾದ ಸಿಪಾಯಿಗೆ ಮೊದಲೇ ಒಳ್ಳೆ ಬಂದೂಕು ಸಿಕ್ಕಿರುತ್ತಿತ್ತು. ಯಾರೋ, ಎಲ್ಲೋ, ಅಸಲಿ ಆಟವನ್ನು ಬಿಚ್ಚಿ, ಶುರುವಿನ ಲೆಕ್ಕವನ್ನು ತಿದ್ದಿ, ಮುಂದೊಂದು ಪಟ್ಟಿ ಕಟ್ಟಿದ್ದರು. ಈಗಿನ ಹುಡುಗರು ಮಾಡ್ ಮೆನು ಅನ್ನುತ್ತಾರಲ್ಲ, ನಮ್ಮ ಮನೆಗೆ ಅದು ಆ ಹಳದಿ ಕ್ಯಾಸೆಟ್ಟಿನಲ್ಲೇ ಬಂದಿತ್ತು.

ಅಣ್ಣ ಒಂದು ಇನ್ನೂರು ಪುಟದ ನೋಟ್‌ಬುಕ್ಕಿನ ಹಿಂದಿನ ಹಾಳೆಗಳಲ್ಲಿ ಆ ಪಟ್ಟಿಯನ್ನು ತನ್ನ ಭಾಷೆಯಲ್ಲಿ ಬರೆದಿಟ್ಟ. ಎಡಕ್ಕೆ ನಂಬರು, ಬಲಕ್ಕೆ ವಿವರ: ‘ಕಾಂಟ್ರಾ, ನೀರಿನ ಝರಿಯಿಂದ’, ‘ಮಾರಿಯೋ, ದೊಡ್ಡವ’, ‘ಟ್ಯಾಂಕು, ಜೋರು ಗುಂಡು’, ‘ಇದು ಬ್ಯಾಡ, ನಿಂತುಬಿಡ್ತದ’. ಆ ಹಾಳೆಯ ಮುಂದಿನ ಕಡೆ ಸಮಾಜ ವಿಜ್ಞಾನ, ಬಹಮನಿ ಸುಲ್ತಾನರು. ಪರೀಕ್ಷೆಯ ಹೊತ್ತಿಗೆ ಆ ನೋಟ್‌ಬುಕ್ಕಿಗೆ ಓಣಿಯಲ್ಲಿ ಎಷ್ಟು ಬೇಡಿಕೆ ಎಂದರೆ ಮೇಷ್ಟರಿಗೂ ಖುಷಿಯಾಗಿತ್ತು.

ಕಾಂಟ್ರಾದ ಮೂವತ್ತು ಲೈಫಿನ ಗುಟ್ಟು ಸೊಲ್ಲಾಪುರದಿಂದ ಬಂತು. ಬ್ಯಾಸಿಗಿ ಸೂಟಿಗೆ ಅತ್ತಿಯ ಮನೆಗೆ ಬಂದ ಹುಡುಗನೊಬ್ಬ, ಆಟದ ಹೆಸರು ಪರದೆಯ ಮೇಲೆ ಬಂದು ನಿಂತ ಹೊತ್ತಿಗೆ ಅಣ್ಣನ ಕೈಯಿಂದ ರಿಮೋಟು ಇಸಕೊಂಡು ಪಟಪಟ ಒತ್ತಿದ. ಮ್ಯಾಲ ಮ್ಯಾಲ, ಕೆಳಗ ಕೆಳಗ, ಎಡ ಬಲ, ಎಡ ಬಲ, ಬಿ, ಎ, ಆಮೇಲೆ ಸ್ಟಾರ್ಟು. ಆ ದಿನ ಆಟ ಮುಗಿಯಲೇ ಇಲ್ಲ. ಸತ್ತರೂ ಮತ್ತೆ ಎದ್ದು ಬರುತ್ತಾನೆ, ಮತ್ತೆ ಸತ್ತರೂ ಬರುತ್ತಾನೆ. “ಇನ್ನಾ ಎಷ್ಟ್ ಲೈಫ್ ಅವಲೇ?” ಎಂದು ಹಿಂದಿನಿಂದ ಒಬ್ಬ, “ಎಣಸಬ್ಯಾಡ, ಆಡು” ಎಂದು ಇನ್ನೊಬ್ಬ.

ಆ ಸಂಕೇತವನ್ನು ಕಟ್ಟಿದವರು ಕೊನಾಮಿ ಕಂಪನಿಯ ಕಜುಹಿಸಾ ಹಶಿಮೊಟೊ. 1986ರಲ್ಲಿ ಗ್ರಾಡಿಯಸ್ ಎಂಬ ಬಾಹ್ಯಾಕಾಶ ನೌಕೆಯ ಆಟವನ್ನು ಮನೆಯ ಯಂತ್ರಕ್ಕೆ ಹೊಂದಿಸುವಾಗ, ಪರೀಕ್ಷೆ ಮಾಡಲು ಕೂತ ಅವರಿಗೇ ಆಟ ಕಠಿಣವಾಗಿತ್ತು. ತಮ್ಮ ಅನುಕೂಲಕ್ಕೆ ಗುಂಡಿಗಳ ಈ ಸಾಲನ್ನು ಒಳಗೆ ಸೇರಿಸಿಕೊಂಡರು, ಅದು ಆಟದ ಜೊತೆಗೇ ಹೊರಗೆ ಹೋಯಿತು. 1988ರ ಕಾಂಟ್ರಾದಲ್ಲಿ ಅದೇ ಸಾಲು ಮೂರು ಜೀವವನ್ನು ಮೂವತ್ತು ಮಾಡಿತು. ಹಶಿಮೊಟೊ 2020ರ ಫೆಬ್ರವರಿಯಲ್ಲಿ ತೀರಿಕೊಂಡ ಸುದ್ದಿ ಓದಿದ ರಾತ್ರಿ ನಾನೂ ಅಣ್ಣನೂ ಫೋನಿನಲ್ಲಿ ಬಹಳ ಹೊತ್ತು ಮಾತಾಡಿದೆವು. ಆಟ ಕಟ್ಟುವವನಿಗೂ ಅದು ಕಷ್ಟವಾಗಿತ್ತು ಎಂಬುದು ಅಣ್ಣನಿಗೆ ತುಂಬಾ ಹಿಡಿಸಿತ್ತು. “ನಮ್ಮಂಥಾವನೇ ಅದಾನಲ್ಲೋ” ಎಂದು ಎರಡು ಮೂರು ಸಲ ಅಂದ.

ಮೂವತ್ತು ಜೀವ ಸಿಕ್ಕಮೇಲೆ ಪಡಸಾಲೆಯ ಕಾಯ್ದೆಯೇ ಬದಲಾಯಿತು. ಮೊದಲು ಮೂರು ಜೀವದ ಆಟದಲ್ಲಿ ಚಲೋ ಆಡುವವರಿಬ್ಬರೇ ರಿಮೋಟು ಹಿಡಿದು ಕೂತಿರುತ್ತಿದ್ದರು, ಉಳಿದವರು ಶಹಾಬಾದಿ ಫರಸಿಯ ಮೇಲೆ ಸಾಲಾಗಿ ಕೂತು ನೋಡುವುದು. ಸಣ್ಣವರಿಗೆ ಪಾಳಿ ಬಂದರೂ ಮೊದಲನೇ ಗುಂಡಿಗೇ ಸತ್ತು ಎದ್ದುಹೋಗುತ್ತಿದ್ದರು. ಇನ್ನು ಮೇಲೆ ಮೂರು ಜೀವ ಹೋದ ಕೂಡಲೇ ರಿಮೋಟು ಪಕ್ಕದವನಿಗೆ ದಾಟಿಸಬೇಕು ಎಂದು ಅಣ್ಣ ನೇಮ ಮಾಡಿದ. ಇಬ್ಬರು ಆಡುವ ಆಟದಲ್ಲಿ ಒಬ್ಬೊಬ್ಬನಿಗೆ ಮೂವತ್ತು ಅಂದರೆ ಇಡೀ ಓಣಿಗೆ ಒಂದು ಸುತ್ತು ಬರುತ್ತಿತ್ತು. ನನ್ನ ತಂಗಿ ಮೊದಲ ಸಲ ಕಾಂಟ್ರಾದ ಕಾಡು ದಾಟಿದ್ದು ಹಾಗೆ. ಗುಂಡಿ ಒತ್ತುವಾಗ ಕೈ ಜೊತೆ ಮೈಯೂ ಎಗರುತ್ತಿದ್ದ ಹುಡುಗ ಒಬ್ಬನಿದ್ದ, ಅವನೂ ಕೊನೆಯ ರಾಕ್ಷಸನ ಮುಖ ನೋಡಿದ್ದು ಹಾಗೆ.

ಈ ಬರಹ ಬರೆಯಲು ಕೂತದ್ದೇ ಇದನ್ನು ಹೇಳಲಿಕ್ಕೆ. ಆಟವನ್ನು ತಿದ್ದುವುದು ಅಂದರೆ ಕಳ್ಳಾಟ ಎಂದು ಅನೇಕರು ತಿಳಿದಿದ್ದಾರೆ. ನಮ್ಮ ಮನೆಯಲ್ಲಿ ಅದು ಜಾಗ ಮಾಡಿಕೊಡುವ ಕೆಲಸವಾಗಿತ್ತು. ಕೈ ಚುರುಕಿಲ್ಲದವರಿಗೆ, ಸಣ್ಣವರಿಗೆ, ಹೊಲದಿಂದ ಬಂದು ಹತ್ತು ನಿಮಿಷ ಕೂತು ಹೋಗುವ ಕಾಕಾನಿಗೆ.

ಕಾಂಟ್ರಾದ ಮೂರನೇ ಹಂತ ನೀರಿನ ಝರಿ. ಅಲ್ಲಿ ಮೇಲೆ ಹತ್ತಬೇಕು, ಹತ್ತಿದಂತೆಲ್ಲ ಪರದೆ ಮೇಲಕ್ಕೆ ಸರಿಯುತ್ತದೆ, ಹಿಂದೆ ಉಳಿದವನು ಪರದೆಯ ಕೆಳಗಂಚಿಗೆ ಸಿಕ್ಕು ಸಾಯುತ್ತಾನೆ. ಮೂರು ಜೀವದ ಕಾಲದಲ್ಲಿ ಈ ಝರಿಯ ಮೇಲೆ ಆದಷ್ಟು ಜಗಳ ನಮ್ಮ ಓಣಿಯಲ್ಲಿ ನೀರಿನ ನಳದ ಮುಂದೆಯೂ ಆಗಿಲ್ಲ. “ನೀ ಯಾಕ ಓಡ್ದಿ? ನಾ ಕೆಳಗೇ ಇದ್ನಲ್ಲ!” ರಿಮೋಟಿನ ವೈರು ಎಳೆದಾಡಿ ಒಂದು ಸಲ ಟಿವಿಯೇ ಮುಂದಕ್ಕೆ ಬಂದಿತ್ತು. ಮೂವತ್ತು ಬಂದಮೇಲೆ ಜಗಳ ಹೋಗಿ ಒಂದು ಪದ್ಧತಿ ಬೆಳೆಯಿತು. ಮೇಲಿದ್ದವನು ಕಲ್ಲಿನ ಮೇಲೆ ನಿಂತು “ಬಾ, ಬಾ” ಅನ್ನಬೇಕು, ಕೆಳಗಿದ್ದವನು ಹತ್ತಿ ಬರಬೇಕು, ಆಮೇಲೆ ಇಬ್ಬರೂ ಕೂಡಿ ಮುಂದಿನ ಕಲ್ಲಿಗೆ. ಅಷ್ಟರೊಳಗೆ ಮೇಲಿನವನಿಗೆ ಗುಂಡು ತಾಗಿ ಸತ್ತರೆ ಸತ್ತ, ಜೀವ ಇದಾವಲ್ಲ. ತಂಗಿಗಾಗಿ ಅಣ್ಣ ಆ ಝರಿಯಲ್ಲಿ ಕಳೆದುಕೊಂಡ ಜೀವಗಳಿಗೆ ಲೆಕ್ಕವೇ ಇಲ್ಲ.

ತಂಗಿಯ ಸ್ವಂತ ಆಟ ಟ್ಯಾಂಕು. ನಾಮ್ಕೊ ಕಂಪನಿ 1985ರಲ್ಲಿ ಮಾಡಿದ ಬ್ಯಾಟಲ್ ಸಿಟಿ ಅದು. ಇಟ್ಟಿಗೆ ಗೋಡೆಗಳ ನಡುವೆ ಟ್ಯಾಂಕು ಓಡಿಸುತ್ತಾ, ಕೆಳಗೆ ನಡುವಿನಲ್ಲಿ ಕೂತ ಹದ್ದನ್ನು ಕಾಯುವುದು. ಅದರ ಶುರುವಿನ ಪಟ್ಟಿಯಲ್ಲೇ, ಒಬ್ಬರ ಆಟ, ಇಬ್ಬರ ಆಟ ಎಂಬುದರ ಕೆಳಗೆ, ಮೂರನೆಯದಾಗಿ ಕನ್‌ಸ್ಟ್ರಕ್ಷನ್ ಎಂದಿತ್ತು. ಅದನ್ನು ಒತ್ತಿದರೆ ಖಾಲಿ ಮೈದಾನ. ಟ್ಯಾಂಕನ್ನು ಒಂದೊಂದು ಮನೆಗೆ ಸರಿಸುತ್ತಾ ಗುಂಡಿ ಒತ್ತಿದರೆ ಇಟ್ಟಿಗೆ, ಕಬ್ಬಿಣ, ನೀರು, ಗಿಡ, ಮಂಜು, ಏನು ಬೇಕಾದರೂ ಇಡಬಹುದು. ಅಸಲಿ ಆಟ ಮಾಡಿದವರೇ ಬಿಟ್ಟುಕೊಟ್ಟ ಬಾಗಿಲು ಅದು. ಹುಡುಗರೆಲ್ಲ ಹದ್ದಿನ ಸುತ್ತ ಕಬ್ಬಿಣದ ಗೋಡೆ ಕಟ್ಟಿ ಕೈತೊಳೆದುಕೊಂಡರು. ತಂಗಿ ಊರು ಕಟ್ಟಿದಳು. ಅಗಸಿ, ಹಳ್ಳ, ಹಳ್ಳದ ದಂಡೆಗೆ ಗಿಡ, ಸಾಲಿ, ಸಾಲಿಯ ಮುಂದೆ ಖಾಲಿ ಜಾಗ. ನಮ್ಮ ಮನೆ ಇದ್ದ ಕಡೆ ಎರಡು ಇಟ್ಟಿಗೆ ಇಟ್ಟು, ಅದರ ಮುಂದೆ ವೈರಿಯ ಟ್ಯಾಂಕು ಬರದ ಹಾಗೆ ನೀರು ಬಿಟ್ಟಿದ್ದಳು.

ಕಷ್ಟ ಏನೆಂದರೆ ಕಟ್ಟಿದ್ದು ಉಳಿಯುತ್ತಿರಲಿಲ್ಲ. ಆ ಕ್ಯಾಸೆಟ್ಟಿಗೆ ಏನನ್ನೂ ನೆನಪಿಡುವ ಶಕ್ತಿ ಇಲ್ಲ. ಲೈಟು ಹೋದರೆ ಊರೂ ಹೋಯಿತು, ಮತ್ತೆ ನಮ್ಮಲ್ಲಿ ಲೈಟು ಹೋಗುವುದಕ್ಕೆ ಹೊತ್ತುಗೊತ್ತು ಇರಲಿಲ್ಲ. ಅವಳು ಗಣಿತದ ಚೌಕಳಿ ನೋಟ್‌ಬುಕ್ಕು ತಂದು, ಅಡ್ಡ 13, ಉದ್ದ 13 ಮನೆ ಎಣಿಸಿ ಗೆರೆ ಹೊಡೆದಳು. ಆ ಮೈದಾನ ಇದ್ದದ್ದೇ ಅಷ್ಟು. ಇಟ್ಟಿಗೆಗೆ ಕೆಂಪು ಪೆನ್ನು, ನೀರಿಗೆ ನೀಲಿ, ಗಿಡಕ್ಕೆ ಹಸಿರು ಸ್ಕೆಚ್ ಪೆನ್ನು. ಲೈಟು ಬಂದಮೇಲೆ ಹಾಳೆ ನೋಡಿ ಮತ್ತೆ ಕಟ್ಟುವುದು. ಇನ್ನೊಬ್ಬರು ಆಡಿದ ಮೇಲೆ ಎಲ್ಲಿ ಸುಲಭವಾಯಿತು, ಎಲ್ಲಿ ಸಿಕ್ಕಿಬಿದ್ದರು ಎಂದು ನೋಡಿ ಹಾಳೆಯನ್ನು ತಿದ್ದುವುದು. ಅವಳು ಈಗ ಪುಣೆಯಲ್ಲಿ ಕಟ್ಟಡಗಳ ನಕ್ಷೆ ಮಾಡುವ ಆಫೀಸಿನಲ್ಲಿ ಕೆಲಸ ಮಾಡುತ್ತಾಳೆ. ಎರಡಕ್ಕೂ ಸಂಬಂಧ ಇದೆ ಎಂದು ನಾನು ನಂಬಿದ್ದೇನೆ, ಅವಳು ಒಪ್ಪುವುದಿಲ್ಲ.

ಮಾರಿಯೋದಲ್ಲಿ ನಮಗೆ ದಕ್ಕಿದ ದೊಡ್ಡ ಗುಟ್ಟು ಮೂರನೇ ಲೋಕದ ಮೊದಲ ಹಂತದ ಮೆಟ್ಟಿಲು. ಅಲ್ಲಿ ಇಳಿದು ಬರುವ ಆಮೆಯ ಮೇಲೆ ಸರಿಯಾದ ಹೊತ್ತಿಗೆ ಹಾರಿದರೆ ಅದರ ಚಿಪ್ಪು ಮೆಟ್ಟಿಲಿಗೂ ಕಾಲಿಗೂ ನಡುವೆ ಬಡಿದಾಡುತ್ತಾ ಇರುತ್ತದೆ, ಮಾರಿಯೋ ಅದರ ಮೇಲೆ ಕುಣಿಯುತ್ತಲೇ ಇರುತ್ತಾನೆ, ಒಂದೊಂದು ಕುಣಿತಕ್ಕೂ ಒಂದೊಂದು ಜೀವ. ಅಣ್ಣನಿಗೆ ಅದು ಕೈಗೂಡಿದ ಸಂಜೆ ಯಾರೂ ಊಟಕ್ಕೆ ಏಳಲಿಲ್ಲ. ಆಯಿ ರೊಟ್ಟಿ, ಶೇಂಗಾ ಹಿಂಡಿಯನ್ನು ತಾಟಿನಲ್ಲಿ ಹಾಕಿ ಟಿವಿಯ ಮುಂದೆಯೇ ತಂದಿಟ್ಟು, ತಾನೂ ಕೂತಳು. ಆ ಟುಣ್ ಟುಣ್ ಸದ್ದು ಅವಳಿಗೆ ಹಿತವಾಗಿತ್ತು. ಎಷ್ಟೋ ಹೊತ್ತಿನ ಮೇಲೆ ಅಣ್ಣ ಮೆಟ್ಟಿಲು ಇಳಿದು ಮುಂದೆ ನಡೆದ, ಒಂದು ಗುಂಡಿಯಲ್ಲಿ ಬಿದ್ದ. ಪರದೆಯ ಮೇಲೆ ಗೇಮ್ ಓವರ್. ಇಷ್ಟು ಜೀವ ಗಳಿಸಿದವನಿಗೆ ಒಂದೇ ಸಾವಿಗೆ ಆಟ ಮುಗಿದದ್ದು ಯಾಕೆಂದು ಆ ರಾತ್ರಿ ಯಾರಿಗೂ ತಿಳಿಯಲಿಲ್ಲ. “ಹಟ್ಟಿ ತುಂಬ ಆಕಳ ಕಟ್ಟಿ ಹಗ್ಗ ಬಿಟ್ಟಂಗಾತು” ಎಂದಳು ಆಯಿ.

ಉತ್ತರ ಸಿಕ್ಕದ್ದು ನಾನು ಕಲಬುರಗಿಯಲ್ಲಿ ಇಂಜಿನಿಯರಿಂಗ್ ಓದುವಾಗ. ಅಷ್ಟರೊಳಗೆ ಹಳೆಯ ಕನ್ಸೋಲುಗಳನ್ನು ಕಂಪ್ಯೂಟರಿನೊಳಗೆ ಕಟ್ಟಿ ತೋರಿಸುವ ಎಮ್ಯುಲೇಟರುಗಳು ಬಂದಿದ್ದವು. ಅಣ್ಣ ಆಳಂದದ ಮೊಬೈಲ್ ರಿಪೇರಿ ಅಂಗಡಿಯಲ್ಲಿ ಕೆಲಸಕ್ಕಿದ್ದ. ರವಿವಾರ ನನ್ನ ರೂಮಿಗೆ ಬಂದರೆ ಇಬ್ಬರೂ ಕೂತು ಮಾರಿಯೋವನ್ನು ಬಿಚ್ಚುತ್ತಿದ್ದೆವು. ಇಡೀ ಆಟ 40 ಕೆಬಿ, ಈಗ ವಾಟ್ಸ್ಯಾಪಿನಲ್ಲಿ ಬರುವ ಗುಡ್ ಮಾರ್ನಿಂಗ್ ಚಿತ್ರವೂ ಅದಕ್ಕಿಂತ ದೊಡ್ಡದು. ಯಂತ್ರದ ಕೆಲಸದ ಮೆಮೊರಿ 2 ಕೆಬಿ. ಆ 2 ಕೆಬಿಯಲ್ಲಿ ಒಂದೇ ಒಂದು ಬೈಟು, 075ಎ ಎಂಬ ವಿಳಾಸದಲ್ಲಿರುವುದು, ಮಾರಿಯೋನ ಜೀವಗಳ ಲೆಕ್ಕ. ಅದನ್ನು ಪರದೆಯ ಮೇಲೆ ಕಂಡಾಗ ಅಣ್ಣ ಬೆರಳಿಟ್ಟು ಮುಟ್ಟಿದ.

ಮಾರಿಯೋ ಸತ್ತಾಗ ಆಟ ಮಾಡುವುದು ಎರಡೇ ಕೆಲಸ. ಮೊದಲು ಆ ಬೈಟಿನಿಂದ ಒಂದು ಕಳೆಯುತ್ತದೆ. ಆಮೇಲೆ ಉಳಿದದ್ದು ಸೊನ್ನೆಗಿಂತ ಕೆಳಗೆ ಹೋಯಿತೇ ಎಂದು ನೋಡುತ್ತದೆ. ಹೋಗಿದ್ದರೆ ಆಟ ಮುಗಿಯಿತು. ಒಂದು ಬೈಟಿನಲ್ಲಿ 127ರಾಚೆಯ ಅಂಕಿಯನ್ನು ಆ ಪ್ರೊಸೆಸರು ಈ ಲೆಕ್ಕದಲ್ಲಿ ಸೊನ್ನೆಗಿಂತ ಕೆಳಗಿನದು ಎಂದೇ ಓದುತ್ತದೆ. ಅಣ್ಣ ಮೆಟ್ಟಿಲಿನ ಮೇಲೆ ಆಮೆಯನ್ನು ಅಷ್ಟು ಹೊತ್ತು ಕುಣಿಸಿ ಆ ಗಡಿಯನ್ನು ದಾಟಿಬಿಟ್ಟಿದ್ದ. ಎಷ್ಟೋ ವರ್ಷದ ಹಿಂದಿನ ಆ ರಾತ್ರಿಯ ಸಾವಿಗೆ ಕಾರಣ ಗೊತ್ತಾದಾಗ ಅವನು ನಕ್ಕ ನಗುವಿಗೆ ಪಕ್ಕದ ರೂಮಿನವರು ಬಂದು ಬಾಗಿಲು ಬಡಿದರು. ಆಯಿಗೆ ಫೋನು ಹಚ್ಚಿ ಹೇಳಿದೆವು. “ಹಂಗಾದ್ರ ನಿಂದ ತಪ್ಪಿಲ್ಲ ಬಿಡು ತಮ್ಮಾ” ಎಂದು ಆಯಿ ಸಮಾಧಾನ ಮಾಡಿದಳು.

ಅದೇ ದಿನಗಳಲ್ಲಿ ಗೇಮ್ ಜೀನಿ ಎಂಬ ಸಾಧನದ ಕತೆ ನಮಗೆ ಸಿಕ್ಕಿತು. ಇಂಗ್ಲೆಂಡಿನ ಕೋಡ್‌ಮಾಸ್ಟರ್ಸ್ ಕಟ್ಟಿದ್ದು, ಅಮೆರಿಕದಲ್ಲಿ ಗಲೂಬ್ ಎಂಬ ಆಟಿಕೆ ಕಂಪನಿ 1990ರಲ್ಲಿ ಮಾರಲು ಹೊರಟದ್ದು. ರೈತನಿಗೂ ಪೇಟೆಗೂ ನಡುವೆ ಅಡತಿಯವ ಕೂತ ಹಾಗೆ ಅದು ಕ್ಯಾಸೆಟ್ಟಿಗೂ ಯಂತ್ರಕ್ಕೂ ನಡುವೆ ಕೂರುತ್ತದೆ. ಯಂತ್ರ ಇಂಥ ವಿಳಾಸದ ಬೈಟು ಕೊಡು ಎಂದಾಗ, ಕ್ಯಾಸೆಟ್ಟಿನದನ್ನು ಬಿಟ್ಟು ತನ್ನದನ್ನು ಕೊಡುತ್ತದೆ. ಕ್ಯಾಸೆಟ್ಟಿಗೆ ಏನೂ ಆಗುವುದಿಲ್ಲ, ತೆಗೆದಿಟ್ಟರೆ ಎಲ್ಲ ಮೊದಲಿನಂತೆ. ನಿಂಟೆಂಡೊ ಕೋರ್ಟಿಗೆ ಹೋಯಿತು. 1991ರಲ್ಲಿ ಕೆಳಗಿನ ಕೋರ್ಟು, 1992ರಲ್ಲಿ ಮೇಲ್ಮನವಿ ಕೋರ್ಟು, ಎರಡೂ ಗಲೂಬ್ ಪರವಾಗಿ ತೀರ್ಪು ಕೊಟ್ಟವು. ದುಡ್ಡು ಕೊಟ್ಟು ತಂದ ಆಟವನ್ನು ತನ್ನ ಮನೆಯಲ್ಲಿ ತನಗೆ ಬೇಕಾದ ಹಾಗೆ ಆಡುವ ಹಕ್ಕು ಆಡುವವನಿಗಿದೆ ಎಂಬ ಮಾತು ಅಲ್ಲಿಂದ ಗಟ್ಟಿಯಾಯಿತು. ಆ ತೀರ್ಪು ನನಗೆ ಇವತ್ತಿಗೂ ಸರಿಯೆನಿಸುತ್ತದೆ.

ಮಾರಿಯೋಗೆ ಗೇಮ್ ಜೀನಿಯ ಒಂದು ಪ್ರಸಿದ್ಧ ಸಂಕೇತವಿದೆ: ಎಸ್, ಎಕ್ಸ್, ಐ, ಓ, ಪಿ, ಓ. ಆರು ಅಕ್ಷರ ಕೊಟ್ಟರೆ ಜೀವ ಮುಗಿಯುವುದೇ ಇಲ್ಲ. ಆ ಆರು ಅಕ್ಷರದಲ್ಲಿ ಏನಡಗಿದೆ ಎಂದು ಒಂದು ಇಡೀ ಮಧ್ಯಾಹ್ನ ಹಾಳೆಯ ಮೇಲೆ ಬಿಡಿಸಿದೆವು. ಒಂದೊಂದು ಅಕ್ಷರಕ್ಕೆ ಸೊನ್ನೆಯಿಂದ ಹದಿನೈದರೊಳಗಿನ ಒಂದು ಅಂಕಿ. ಆ ಅಂಕಿಗಳ ತುಣುಕುಗಳನ್ನು ಹಿಂದೆ ಮುಂದೆ ಮಾಡಿ ಜೋಡಿಸಿದರೆ ಒಂದು ವಿಳಾಸ ಸಿಗುತ್ತದೆ, 91ಡಿ9. ಅಲ್ಲಿಡಬೇಕಾದ ಬೈಟು ಸಿಗುತ್ತದೆ, ಎಡಿ. ಅಸಲಿ ಆಟದಲ್ಲಿ ಆ ಜಾಗದಲ್ಲಿರುವುದು ಸಿಇ, ಅಂದರೆ ಪ್ರೊಸೆಸರಿಗೆ ‘ಒಂದು ಕಳೆ’ ಎಂಬ ಆಜ್ಞೆ. ಎಡಿ ಅಂದರೆ ‘ಓದು’. ಜೀವಗಳ ಬೈಟಿನಿಂದ ಒಂದು ಕಳೆಯುವ ಬದಲು ಅದನ್ನು ಓದಿ ಸುಮ್ಮನೆ ಮುಂದೆ ಹೋಗುತ್ತದೆ. ಅಷ್ಟೇ. 40 ಕೆಬಿಯಲ್ಲಿ ಒಂದು ಬೈಟು. ಕಿಟಕಿಯ ಹೊರಗೆ ಕಲಬುರಗಿಯ ಬಿಸಿಲು ಕಾದು ನಿಂತಿತ್ತು, ನಾವಿಬ್ಬರೂ ಆ ಸಿಇಯನ್ನು ಎಡಿ ಮಾಡಿ, ಮಾರಿಯೋವನ್ನು ಗುಂಡಿಯಲ್ಲಿ ಮತ್ತೆ ಮತ್ತೆ ಬೀಳಿಸಿ, ಅವನು ಮತ್ತೆ ಮತ್ತೆ ಎದ್ದು ಬರುವುದನ್ನು ನೋಡುತ್ತಿದ್ದೆವು. ಕಾಲೇಜಿನಲ್ಲಿ ಕಲಿತ ಮೈಕ್ರೊಪ್ರೊಸೆಸರ್ ಪಾಠ ನನಗೆ ಮೈಗೆ ಹತ್ತಿದ್ದು ಆ ಮಧ್ಯಾಹ್ನ.

ಪರದೆಯ ಮೇಲೆ ಆಟ ನಡೆಯುತ್ತಿರುವಾಗಲೇ ತೆರೆದುಕೊಳ್ಳುವ ಮೆನುವನ್ನು ನಾವು ಮೊದಲು ಕಂಡದ್ದು ಪಿಎಸ್‌ಪಿಯಲ್ಲಿ. ಪುಣೆಯಲ್ಲಿ ದುಡಿಯುತ್ತಿದ್ದ ದೊಡ್ಡ ಅಕ್ಕನ ಗಂಡ, ನಮ್ಮ ಭಾವ, ಒಂದು ದೀಪಾವಳಿಗೆ ಸೆಕೆಂಡ್ ಹ್ಯಾಂಡ್ ಪಿಎಸ್‌ಪಿ ತಂದಿದ್ದರು. ಕೈಯಲ್ಲಿ ಹಿಡಿಯುವ ಯಂತ್ರವಾದ್ದರಿಂದ ಲೈಟು ಹೋದರೂ ನಡೆಯುತ್ತಿತ್ತು, ನಮ್ಮ ಊರಿಗೆ ಅದಕ್ಕಿಂತ ದೊಡ್ಡ ಗುಣ ಬೇರೆ ಬೇಕಿರಲಿಲ್ಲ. ಅದನ್ನು ಬಿಚ್ಚಿದ ದಾರಿಯೇ ಒಂದು ಸೊಗಸು. ಪಿಎಸ್‌ಪಿಯ ಬ್ಯಾಟರಿಯೊಳಗಿನ ಸಣ್ಣ ಚಿಪ್ಪಿನಲ್ಲಿ ಒಂದು ಸೀರಿಯಲ್ ನಂಬರು ಇರುತ್ತದೆ. ಅದನ್ನು ಪೂರ್ತಿ ‘ಎಫ್’ಗಳಿಂದ ತುಂಬಿದರೆ, ರಿಪೇರಿಯವರು ತನ್ನನ್ನು ಕೈಗೆತ್ತಿಕೊಂಡಿದ್ದಾರೆಂದು ಯಂತ್ರ ತಿಳಿದು, ಮೆಮೊರಿ ಸ್ಟಿಕ್ಕಿನಲ್ಲಿ ಕೊಟ್ಟದ್ದನ್ನು ನಡೆಸುತ್ತದೆ. 2007ರಲ್ಲಿ ಹೊರಬಂದ ಈ ಉಪಾಯಕ್ಕೆ ಪಂಡೋರಾ ಬ್ಯಾಟರಿ ಎಂದು ಹೆಸರು. ಅಣ್ಣ ಇದನ್ನು ಓದಿ ತಿಳಿದುಕೊಂಡು, ಎಷ್ಟೋ ದಿನ ಆ ಬ್ಯಾಟರಿ ಮಾಡಿದವನ ಬುದ್ಧಿಯನ್ನೇ ಹೊಗಳುತ್ತಾ ಓಡಾಡಿದ.

ಪಿಎಸ್‌ಪಿಯ ಗ್ರ್ಯಾಂಡ್ ಥೆಫ್ಟ್ ಆಟೊ ಆಟಗಳಿಗೆ ಚೀಟ್ ಡಿವೈಸ್ ಎಂಬ ಮೆನುವನ್ನು ಹವ್ಯಾಸಿಗಳು ಕಟ್ಟಿದ್ದರು. ಆಟದ ನಡುವೆ ಅದನ್ನು ತೆರೆದು ಬೇಕಾದ ಗಾಡಿ ತರಿಸಬಹುದು, ಜೀವ ಕುಗ್ಗದಂತೆ ಮಾಡಬಹುದು, ಹೊತ್ತು ಬದಲಿಸಬಹುದು, ಹವಾಮಾನ ಬದಲಿಸಬಹುದು. ಆ ವರ್ಷ ನಮ್ಮ ಕಡೆ ಮುಂಗಾರು ಕೈಕೊಟ್ಟಿತ್ತು. ಮಾಳಿಗೆಯ ಮೇಲೆ ಸಂಜೆ ಎಲ್ಲರೂ ಆ ಅಂಗೈ ಅಗಲದ ಪರದೆಗೆ ತಲೆ ಕೊಟ್ಟು ಕೂತಿದ್ದಾಗ ಅಣ್ಣ ಮೆನುವಿನಲ್ಲಿ ಮಳೆಯನ್ನು ಆರಿಸಿದ. ರಸ್ತೆಗಳೆಲ್ಲ ತೋಯ್ದವು. ಮುತ್ಯಾ ಚಸ್ಮಾ ಏರಿಸಿಕೊಂಡು ನೋಡಿ, “ಇದೆಲ್ಲಿ ಊರಪಾ?” ಎಂದು ಕೇಳಿದ. ಅಮೆರಿಕದ ಊರಿನಂಥದ್ದು, ಮಳಿ ನಾವೇ ಹಚ್ಚೀವಿ ಎಂದೆವು. ಮುತ್ಯಾ ಇನ್ನೊಂದು ಸಲ ಬಂದ್ ಮಾಡಿ ಮತ್ತೆ ಹಚ್ಚಿಸಿ ನೋಡಿದ. ತೊಗರಿ ಹೂವಿಗೆ ಬಂದಾಗ ಇಂಥ ಒಂದು ಮಳೆ ಸಾಕು, ಅದಕ್ಕಿಂತ ಹೆಚ್ಚು ಬಿದ್ದರೂ ಕೆಟ್ಟದ್ದೇ ಎಂದು ಆಮೇಲೆ ಬಹಳ ಹೊತ್ತು ಬೆಳೆಯ ಲೆಕ್ಕ ಹೇಳಿದ. ನನಗೆ ತೊಗರಿಯ ಬಗ್ಗೆ ಗೊತ್ತಿರುವುದರಲ್ಲಿ ಅರ್ಧ ಆ ಸಂಜೆಯದು.

ಮಾಡ್ ಮೆನುವಿನ ಹೆಸರು ಕೆಟ್ಟದ್ದೂ ಅದೇ ವರ್ಷಗಳಲ್ಲಿ. 2009ರ ಮಾಡರ್ನ್ ವಾರ್‌ಫೇರ್ 2 ಆಟದಲ್ಲಿ, ತಿದ್ದಿದ ಯಂತ್ರ ಇಟ್ಟುಕೊಂಡವರು ಆನ್‌ಲೈನಿನಲ್ಲಿ ಅಪರಿಚಿತರ ನಡುವೆ ಹೊಕ್ಕು, ತಮಗೆ ಸಾವಿಲ್ಲದಂತೆ ಮಾಡಿಕೊಂಡು ಉಳಿದವರ ಆಟ ಹಾಳು ಮಾಡುತ್ತಿದ್ದರು. ಅದು ನನಗೆ ಯಾವತ್ತೂ ಸೇರಲಿಲ್ಲ. ಎದುರಿಗಿದ್ದವನಿಗೆ ಹೇಳದೆ ಕಾಯ್ದೆ ಬದಲಿಸುವುದು ಬೇರೆ, ಪಡಸಾಲೆಯಲ್ಲಿ ಎಲ್ಲರೂ ಕೂತು ಒಪ್ಪಿ ಬದಲಿಸುವುದು ಬೇರೆ. ಹಳೆಯ ಕನ್ಸೋಲುಗಳನ್ನು ಇವತ್ತಿಗೂ ಪ್ರೀತಿಯಿಂದ ಬಿಚ್ಚುವವರನ್ನು ಈ ಕಳ್ಳರ ಜೊತೆ ಸೇರಿಸಿ ಬೈಯುವುದು ಅನ್ಯಾಯ.

ನಮ್ಮೆಲ್ಲರ ಕೊನೆಯ ದೊಡ್ಡ ಆಟ ಕ್ರಿಕೆಟ್ 07. ಭಾವ ಪಿಎಸ್‌ಪಿ ವಾಪಸ್ ಒಯ್ದು, ಮುಂದಿನ ಸಲ ಹಳೆಯ ಪಿಎಸ್2 ತಂದುಕೊಟ್ಟು ಹೋಗಿದ್ದರು. ಇಎ ಸ್ಪೋರ್ಟ್ಸ್ 2006ರ ನವೆಂಬರಿನಲ್ಲಿ ಹೊರತಂದ ಆ ಆಟದ ಆಮೇಲೆ ಆ ಕಂಪನಿ ಕನ್ಸೋಲಿಗಾಗಲಿ ಕಂಪ್ಯೂಟರಿಗಾಗಲಿ ಇನ್ನೊಂದು ಕ್ರಿಕೆಟ್ ಆಟ ತರಲಿಲ್ಲ. ಆದರೆ ಭಾರತದ ಹುಡುಗರು ಅದನ್ನು ಬಿಡಲಿಲ್ಲ. 2008ರಲ್ಲಿ ಐಪಿಎಲ್ ಶುರುವಾದ ಮೇಲೆ ಪ್ರತಿ ವರ್ಷ ಹೊಸ ತಂಡ, ಹೊಸ ಅಂಗಿ, ಹೊಸ ಮುಖಗಳನ್ನು ಅದೇ ಹಳೆಯ ಆಟಕ್ಕೆ ತೊಡಿಸುತ್ತಾ ಬಂದರು, ಕಂಪ್ಯೂಟರಿನಲ್ಲಂತೂ ಇಂದಿಗೂ ತೊಡಿಸುತ್ತಿದ್ದಾರೆ. ಅಸಲಿ ಆಟದಲ್ಲಿ ನಿಜ ಹೆಸರು ಇದ್ದದ್ದು ಆಸ್ಟ್ರೇಲಿಯಾ, ಇಂಗ್ಲೆಂಡಿನವರಿಗೆ. ನಮ್ಮವರ ಹೆಸರುಗಳನ್ನೆಲ್ಲ ತಿರುಚಿಟ್ಟಿದ್ದರು. ಹೆಸರು ತಿದ್ದಲು ಅವಕಾಶವಿತ್ತು. ದ್ರಾವಿಡ್, ಕುಂಬ್ಳೆ, ತೆಂಡೂಲ್ಕರ್ ಎಂದು ಸರಿಯಾಗಿ ಬರೆಯುವುದು ಯಾರು ಆ ಆಟ ತಂದರೂ ಮೊದಲು ಮಾಡುವ ಕೆಲಸ.

ಅಣ್ಣ ಅದನ್ನು ಮುಗಿಸಿ, ಇನ್ನೊಂದು ತಂಡವನ್ನು ಪೂರ್ತಿ ಅಳಿಸಿ ನಿಂಬರ್ಗಾದ ಹನ್ನೊಂದು ಮಂದಿಯನ್ನು ಕೂರಿಸಿದ. ಸಾಲಿಯ ಮೈದಾನದಲ್ಲಿ ರವಿವಾರ ಆಡುವವರು: ಟೇಲರ್ ಅಂಗಡಿಯವ, ಕಿರಾಣಿ ಕಾಕಾನ ಮಗ, ಇಬ್ಬರು ಅಣ್ಣತಮ್ಮಂದಿರು, ಮಸೀದಿ ಓಣಿಯ ಎಡಗೈ ಬೌಲರು. ಜಾಯ್‌ಸ್ಟಿಕ್ಕಿನಿಂದ ಒಂದೊಂದು ಇಂಗ್ಲಿಷ್ ಅಕ್ಷರ ಆರಿಸಿ ಹೆಸರು ಬರೆಯಲು ಎರಡು ಸಂಜೆ ಹಿಡಿಯಿತು. ಹಿಂದೆ ಕೂತವರು “ಅಲ್ಲ, ಡಬಲ್ ಎ ಹಾಕು”, “ಅಡ್ಡಹೆಸರೂ ಹಾಕು” ಎಂದು ಹೇಳಿಕೊಡುತ್ತಿದ್ದರು. ಯಾರು ಎಡಗೈ, ಯಾರು ಸ್ಪಿನ್ನು, ಯಾರು ಬರೀ ಅಡ್ಡ ಹೊಡೆಯುವವ ಎಂಬುದರ ಮೇಲೆ ಒಂದು ಸಭೆಯೇ ನಡೆಯಿತು. ಎಲ್ಲ ಮುಗಿದು, ಇಂಗ್ಲೆಂಡಿನ ಮೈದಾನದಲ್ಲಿ ಆಸ್ಟ್ರೇಲಿಯಾದ ಎದುರು ನಮ್ಮ ಟೇಲರು ಗಾರ್ಡ್ ತೆಗೆದುಕೊಂಡ. ರಿಚಿ ಬೆನೊ, ಮಾರ್ಕ್ ನಿಕೋಲಸ್ ಕಾಮೆಂಟ್ರಿ ಹೇಳುತ್ತಿದ್ದರು. ಅವನ ಹೆಸರು ಅವರ ಬಾಯಲ್ಲಿ ಬರಲಿಲ್ಲ, ಆದರೆ ಪರದೆಯ ಕೆಳಗಿನ ಪಟ್ಟಿಯಲ್ಲಿ ಸ್ಪಷ್ಟವಾಗಿ ಇತ್ತು. ಟೇಲರು ಅಳತೆ ಟೇಪನ್ನು ಕೊರಳಲ್ಲೇ ಹಾಕಿಕೊಂಡು ಅಂಗಡಿಯಿಂದ ಓಡಿಬಂದಿದ್ದ. ತಾನು ಹೊಡೆದ ಮೊದಲ ನಾಲ್ಕನ್ನು ನೋಡಿ ಬಾಗಿಲಲ್ಲೇ ಚಪ್ಪಾಳೆ ತಟ್ಟಿದ.

ಆ ತಂಡ 8 ಎಂಬಿಯ ಮೆಮೊರಿ ಕಾರ್ಡಿನಲ್ಲಿದೆ. ಕಾರ್ಡು ಆಳಂದದಲ್ಲಿ, ಅಣ್ಣ ಈಗ ಸ್ವಂತಕ್ಕೆ ಹಾಕಿಕೊಂಡಿರುವ ಅಂಗಡಿಯಲ್ಲಿದೆ. ಪಿಎಸ್2 ತಯಾರಿಕೆ 2013ರ ಶುರುವಿಗೇ ನಿಂತಿತು, ಆದರೂ ಅವನು ಲೆನ್ಸು ಒರೆಸಿ, ಗೇರಿಗೆ ಗ್ರೀಸು ಹಚ್ಚಿ ನಡೆಸುತ್ತಿದ್ದಾನೆ. ಆಡುವವರು ಒಬ್ಬೊಬ್ಬರೂ ಒಂದೊಂದು ಕಡೆ, ಪುಣೆ, ಸೊಲ್ಲಾಪುರ, ಬೆಂಗಳೂರು. ಊರಿಗೆ ಬಂದವರು ಅಂಗಡಿಗೆ ಹೋಗಿ ಒಂದು ಮ್ಯಾಚು ಆಡದೆ ವಾಪಸ್ ಹೋಗುವುದಿಲ್ಲ. ಹೋದ ಸಲ ನಾನು ಅಲ್ಲಿದ್ದಾಗಲೇ ಎಡಗೈ ಬೌಲರು ಫೋನು ಮಾಡಿದ. ಅವನು ಪುಣೆಯಲ್ಲಿ ಟೆಂಪೋ ಓಡಿಸುತ್ತಾನೆ. ಮಾತು ಆ ಕಡೆ ಈ ಕಡೆ ಹೋಗಿ ಕೊನೆಗೆ ಅಲ್ಲಿಗೇ ಬಂತು.

“ಅಣ್ಣಾ, ನನ್ನ ಇನ್ನಾ ಹನ್ನೊಂದನೇ ನಂಬರಿಗೇ ಇಟ್ಟೀರೇನು ಬ್ಯಾಟಿಂಗಿಗೆ?”

“ಹೌದಪಾ, ಬೌಲರ್ ಅದೀಯಲ್ಲ ನೀ.”

“ಆ ವರ್ಷ ಫೈನಲ್‌ದಾಗ ನಲವತ್ತು ಹೊಡದೀನಿ ನಾ. ಯಾರಿಗೂ ನೆನಪಿಲ್ಲೇನು?”

ನನಗೆ ನೆನಪಿತ್ತು, ಅಣ್ಣನಿಗೂ ಇತ್ತು. ಅಣ್ಣ ಫೋನನ್ನು ಕಿವಿಗೂ ಭುಜಕ್ಕೂ ನಡುವೆ ಒತ್ತಿಕೊಂಡು, ಜಾಯ್‌ಸ್ಟಿಕ್ಕು ತಗೊಂಡು, ತಂಡದ ಪಟ್ಟಿ ತೆರೆದು ಅವನನ್ನು ಐದನೇ ನಂಬರಿಗೆ ತಂದ. ಕಿರಾಣಿ ಕಾಕಾನ ಮಗನನ್ನು ಕೆಳಗಿಳಿಸಬೇಕಾಯಿತು. ಅವನಿಗೆ ಇನ್ನೂ ಹೇಳಿಲ್ಲ.